ಸೈಟು ಮಾರದೆ ಸಿನಿಮಾ ನಿರ್ಮಾಪಕರಾಗುವುದು ಹೇಗೆ? ಎರಡನೇ ಸಿನಿಮಾ ತನಕದ ದಾರಿ

ಕನ್ನಡದಲ್ಲಿ ವರ್ಷಕ್ಕೆ ಇನ್ನೂರರ ಆಸುಪಾಸು ಸಿನಿಮಾ ಬರುತ್ತವೆ. ಅವುಗಳ ಪೋಸ್ಟರ್‌ನಲ್ಲಿ ನಿರ್ಮಾಪಕರ ಹೆಸರು ನೋಡುತ್ತಾ ಬನ್ನಿ. ಬಹಳಷ್ಟು ಹೆಸರು ಒಂದೇ ಸಲ ಕಾಣಿಸುತ್ತವೆ. ಊರಿನ ಸೈಟು ಮಾರಿದರು, ಇಲ್ಲವೇ ತೋಟ ಅಡ ಇಟ್ಟರು. ಅದ್ದೂರಿಯಾಗಿ ಮುಹೂರ್ತ ಮಾಡಿದರು. ಶುಕ್ರವಾರ ಸಿನಿಮಾ ಬಂತು, ಸೋಮವಾರ ಶೋ ಎತ್ತಿದರು. ಅಲ್ಲಿಗೆ ಮುಗೀತು. ಅಣ್ಣಾವ್ರು ನಿರ್ಮಾಪಕರನ್ನು ‘ಅನ್ನದಾತರು’ ಅಂತ ಕರೆಯುತ್ತಿದ್ದರು. ಒಂದೇ ಊಟ ಹಾಕಿ ಮನೆ ಕಳೆದುಕೊಂಡ ಅನ್ನದಾತರೇ ಗಾಂಧಿನಗರದಲ್ಲಿ ಜಾಸ್ತಿ.

ಅದಕ್ಕೇ ಈ ಬರಹದ ಗುರಿ ಎರಡನೇ ಸಿನಿಮಾ. ಮೊದಲನೆಯದನ್ನು ದುಡ್ಡಿದ್ದವರು ಯಾರು ಬೇಕಾದರೂ ಮಾಡಬಹುದು. ಸ್ಟಾರ್ ಇಲ್ಲದೆ, ದೊಡ್ಡ ಬ್ಯಾನರ್ ಬೆನ್ನಿಗಿಲ್ಲದೆ, ಮೊದಲ ಸಿನಿಮಾ ಮುಗಿದ ಮೇಲೂ ನಿರ್ಮಾಪಕರಾಗಿಯೇ ಉಳಿಯಬೇಕು ಅಂದರೆ ಏನೇನು ಮಾಡಬೇಕು ಅನ್ನುವುದನ್ನು ಒಂದೊಂದೇ ಹೆಜ್ಜೆಯಾಗಿ ನೋಡೋಣ.

ಹೆಜ್ಜೆ 1: ಮೊದಲು ಬೇರೆಯವರ ಸಿನಿಮಾದಲ್ಲಿ ಕೆಲಸ ಮಾಡಿ

ನಿರ್ಮಾಪಕ ಅಂದರೆ ದುಡ್ಡು ಹಾಕುವವನು ಅನ್ನುವ ನಂಬಿಕೆ ನಮ್ಮಲ್ಲಿ ಗಟ್ಟಿಯಾಗಿದೆ. ದುಡ್ಡು ಹಾಕುವವರು ಬಂಡವಾಳದಾರರು. ಅದರಲ್ಲಿ ತಪ್ಪೇನಿಲ್ಲ, ಆದರೆ ಅದು ಬೇರೆ ಕೆಲಸ. ನಿರ್ಮಾಪಕರು ಕಥೆ ಆರಿಸುತ್ತಾರೆ, ಹಕ್ಕು ಪಡೆಯುತ್ತಾರೆ, ಹಣ ಹೊಂದಿಸುತ್ತಾರೆ, ತಂಡ ಕಟ್ಟುತ್ತಾರೆ, ಸಿನಿಮಾ ಮುಗಿಸಿ ಮಾರುತ್ತಾರೆ. ಇದನ್ನು ಕಲಿಯಲು ಒಳ್ಳೆ ಜಾಗ ಪ್ರೊಡಕ್ಷನ್ ಮ್ಯಾನೇಜರ್ ಪಕ್ಕ. ಒಂದು ಸಿನಿಮಾಗಾದರೂ ಪ್ರೊಡಕ್ಷನ್ ಅಸಿಸ್ಟೆಂಟ್ ಆಗಿ. ಊಟದ ಲೆಕ್ಕ, ಬಾಟಾ (ದಿನದ ಭತ್ಯೆ), ಗಾಡಿ ಬಾಡಿಗೆ, ಜನರೇಟರ್ ಡೀಸೆಲ್, ಜೂನಿಯರ್ ಆರ್ಟಿಸ್ಟ್‌ಗಳ ಪಟ್ಟಿ ಎಲ್ಲವೂ ನಿಮ್ಮ ಕೈಯಲ್ಲಿ ಹಾದು ಹೋಗಲಿ.

ಓದಿಯೇ ಕಲಿಯುತ್ತೇನೆ ಅನ್ನುವವರಿಗೆ ಕೋಲ್ಕತ್ತದ ಸತ್ಯಜಿತ್ ರೇ ಫಿಲ್ಮ್ ಮತ್ತು ಟೆಲಿವಿಷನ್ ಸಂಸ್ಥೆಯಲ್ಲಿ ನಿರ್ಮಾಣಕ್ಕೇ ಒಂದು ವಿಭಾಗವಿದೆ. ಹೆಸರಘಟ್ಟದ ಸರ್ಕಾರಿ ಸಂಸ್ಥೆಯಿಂದ ಒಳ್ಳೆ ಛಾಯಾಗ್ರಾಹಕರು, ಶಬ್ದ ತಂತ್ರಜ್ಞರು ಬಂದಿದ್ದಾರೆ. ಅವರ ಪರಿಚಯ ಮುಂದೆ ತಂಡ ಕಟ್ಟುವಾಗ ಕೆಲಸಕ್ಕೆ ಬರುತ್ತದೆ. ಆದರೆ ಯಾವ ಕೋರ್ಸ್ ಮಾಡಿದರೂ ಸೆಟ್ಟಿನ ಅನುಭವ ಬೇರೆಯೇ.

ಹೆಜ್ಜೆ 2: ಕಥೆ ಸಿಕ್ಕಿತೇ? ಮೊದಲು ಕಾಗದ ಮಾಡಿಸಿ

ಈ ಹೆಜ್ಜೆಯ ಮೇಲೆ ಸ್ವಲ್ಪ ಜಾಸ್ತಿ ಹೊತ್ತು ನಿಲ್ಲೋಣ. ಕನ್ನಡದ ಸಣ್ಣ ನಿರ್ಮಾಪಕರು ಹೆಚ್ಚು ಏಟು ತಿನ್ನುವುದು ಇಲ್ಲೇ, ಅದೂ ಸಿನಿಮಾ ಗೆದ್ದ ಮೇಲೆ.

ನಿಮ್ಮ ಹತ್ತಿರ ಇರುವ ಆಸ್ತಿ ಅಂದರೆ ಹಕ್ಕು. ಕ್ಯಾಮೆರಾ ಬಾಡಿಗೆಯದು, ಲೈಟು ಬಾಡಿಗೆಯದು. ಸಿನಿಮಾ ಮುಗಿದ ಮೇಲೆ ಕೈಯಲ್ಲಿ ಉಳಿಯುವುದು ಹಕ್ಕಿನ ಕಾಗದ ಮಾತ್ರ. ಒಟಿಟಿಯವರಾಗಲಿ ಟಿವಿಯವರಾಗಲಿ ಸಿನಿಮಾ ಕೊಳ್ಳುವ ಮೊದಲು ಕೇಳುವುದೂ ಅದನ್ನೇ. ಕಥೆಗಾರರಿಂದ ನಿಮಗೆ, ನಿಮ್ಮಿಂದ ಕೊಳ್ಳುವವರಿಗೆ ಹಕ್ಕು ಹೇಗೆ ಬಂತು ಅನ್ನುವ ಸರಪಳಿ ಎಲ್ಲೂ ತುಂಡಾಗಿರಬಾರದು.

ಕಾದಂಬರಿ ಅಥವಾ ಸಣ್ಣಕಥೆ ಆಧರಿಸುವುದಾದರೆ ಲೇಖಕರ ಹತ್ತಿರ, ಅವರು ತೀರಿಕೊಂಡಿದ್ದರೆ ವಾರಸುದಾರರ ಹತ್ತಿರ ಬರಹದ ಕರಾರು ಮಾಡಿಕೊಳ್ಳಿ. ಭಾರತದಲ್ಲಿ ಲೇಖಕರು ತೀರಿಕೊಂಡ ಮೇಲೂ 60 ವರ್ಷ ಹಕ್ಕುಸ್ವಾಮ್ಯ ಇರುತ್ತದೆ. ಕುವೆಂಪು ತೀರಿಕೊಂಡಿದ್ದು 1994ರಲ್ಲಿ. ಅವರ ಕಥೆ ಬೇಕೆಂದರೆ ಇವತ್ತಿಗೂ ಅನುಮತಿ ಬೇಕು. ವಚನ, ದಾಸರ ಪದ ಯಾರು ಬೇಕಾದರೂ ಬಳಸಬಹುದು. ಆದರೆ ಅದಕ್ಕೆ ಇತ್ತೀಚೆಗೆ ಯಾರೋ ಹಾಕಿದ ರಾಗ ಬಳಸಿದರೆ ಆ ಸಂಗೀತ ಸಂಯೋಜಕರ ಹಕ್ಕು ಅಡ್ಡ ಬರುತ್ತದೆ.

ಹಕ್ಕುಸ್ವಾಮ್ಯ ಕಾಯ್ದೆಯ 19ನೇ ಕಲಂ ಒಮ್ಮೆ ಓದಿಕೊಳ್ಳಿ. ಕರಾರಿನಲ್ಲಿ ಅವಧಿ ಬರೆದಿಲ್ಲವಾದರೆ ಹಕ್ಕು ಸಿಗುವುದು 5 ವರ್ಷಕ್ಕೆ ಮಾತ್ರ. ಪ್ರದೇಶ ಬರೆದಿಲ್ಲವಾದರೆ ಭಾರತಕ್ಕೆ ಮಾತ್ರ. ಪಡೆದ ಹಕ್ಕನ್ನು ಒಂದು ವರ್ಷ ಬಳಸದೆ ಬಿಟ್ಟರೆ, ಕರಾರಿನಲ್ಲಿ ಬೇರೆ ಮಾತು ಇಲ್ಲದಿದ್ದರೆ, ಅದು ಬಿದ್ದೇ ಹೋಗುತ್ತದೆ. ಸಿನಿಮಾ ಸೆಟ್ಟೇರಲು ಎರಡು ಮೂರು ವರ್ಷ ಹಿಡಿಯುವುದು ಮಾಮೂಲು. ಹಾಗಾಗಿ ‘ಈ ಒಂದು ವರ್ಷದ ನಿಯಮ ಅನ್ವಯಿಸುವುದಿಲ್ಲ’ ಅನ್ನುವ ಒಂದು ಸಾಲು ಇರಲೇಬೇಕು. ಅವಧಿ ಇಷ್ಟು, ಪ್ರದೇಶ ಇಡೀ ಜಗತ್ತು, ಚಿತ್ರಮಂದಿರ, ಟಿವಿ, ಒಟಿಟಿ, ಡಬ್ಬಿಂಗ್, ರೀಮೇಕ್ ಎಲ್ಲವನ್ನೂ ಹೆಸರು ಹೇಳಿ ಬರೆಸಿ. ‘ಎಲ್ಲ ಹಕ್ಕುಗಳು’ ಅಂತ ಸುಮ್ನೆ ಒಂದೇ ಮಾತಲ್ಲಿ ಮುಗಿಸಬೇಡಿ. ಹಾಡು ಬರೆದವರಿಗೆ, ಸಂಗೀತ ಮಾಡಿದವರಿಗೆ 2012ರ ತಿದ್ದುಪಡಿಯ ನಂತರ ಚಿತ್ರಮಂದಿರದ ಹೊರಗಿನ ಬಳಕೆಯಲ್ಲಿ ರಾಯಧನದ ಪಾಲಿದೆ. ಅದನ್ನು ಅವರು ಬಿಟ್ಟುಕೊಡುತ್ತೇನೆ ಅಂತ ಸಹಿ ಹಾಕಿದರೂ ನಡೆಯುವುದಿಲ್ಲ.

ನಿರ್ದೇಶಕರೇ ಕಥೆ ಬರೆದಿದ್ದರೂ ಕಾಗದ ಬೇಕು. ‘ನಮ್ಮ ಹುಡುಗ, ಬಾಯಿ ಮಾತು ಸಾಕು’ ಅಂತೀರಾ? ಸಿನಿಮಾ ಸೋತರೆ ಯಾರೂ ಏನೂ ಕೇಳುವುದಿಲ್ಲ. ಗೆದ್ದು ತೆಲುಗಿನವರು ರೀಮೇಕ್ ಕೇಳಿದ ದಿನ ಆ ಬಾಯಿ ಮಾತಿಗೆ ಎರಡು ಅರ್ಥ ಬರುತ್ತದೆ.

ಹೆಜ್ಜೆ 3: ಬ್ಯಾನರ್, ಶೀರ್ಷಿಕೆ, ಜಿಎಸ್‌ಟಿ

ಬೆಂಗಳೂರಿನ ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿ, ಎಲ್ಲರ ಬಾಯಲ್ಲಿ ‘ಫಿಲ್ಮ್ ಚೇಂಬರ್’. ಅಲ್ಲಿ ಸದಸ್ಯತ್ವ ಪಡೆದು ಬ್ಯಾನರ್ ಮತ್ತು ಶೀರ್ಷಿಕೆ ನೋಂದಾಯಿಸಿ. ನಿಮ್ಮ ಶೀರ್ಷಿಕೆ ಬೇರೆಯವರ ಹೆಸರಲ್ಲಿ ಇದೆಯೋ ಅಂತ ಇಲ್ಲೇ ಗೊತ್ತಾಗುತ್ತದೆ. ಪೋಸ್ಟರ್ ಮಾಡಿಸಿದ ಮೇಲೆ ಗೊತ್ತಾದರೆ ಆ ಖರ್ಚೆಲ್ಲ ದಂಡ. ಸಂಖ್ಯಾಶಾಸ್ತ್ರ ನೋಡಿ ಹೆಸರಿಗೆ ಎರಡು ಅಕ್ಷರ ಸೇರಿಸುವುದು ನಿಮ್ಮ ಇಷ್ಟ. ಆದರೆ ಜನ ಮೊಬೈಲಿನಲ್ಲಿ ಟೈಪ್ ಮಾಡಿ ಹುಡುಕಿದರೆ ಸಿಗುವ ಹಾಗಿರಲಿ.

ಒಬ್ಬರೇ ಆದರೆ ಪ್ರೊಪ್ರೈಟರ್‌ಶಿಪ್ ಸಾಕು. ಹೊರಗಿನವರ ಹಣ ಬರುವುದಾದರೆ ಎಲ್‌ಎಲ್‌ಪಿ (ಸೀಮಿತ ಹೊಣೆಯ ಪಾಲುದಾರಿಕೆ) ಅಥವಾ ಪ್ರೈವೇಟ್ ಲಿಮಿಟೆಡ್ ಮಾಡಿ. ಸಿನಿಮಾಗೆ ಅಂತಲೇ ಬೇರೆ ಬ್ಯಾಂಕ್ ಖಾತೆ ತೆರೆಯಿರಿ. ಮನೆ ಖರ್ಚು, ಸಿನಿಮಾ ಖರ್ಚು ಒಂದೇ ಖಾತೆಯಲ್ಲಿ ಬೆರೆತರೆ ಆಮೇಲೆ ಆಡಿಟರ್‌ಗೂ ಬಿಡಿಸಲು ಆಗುವುದಿಲ್ಲ. ಹಕ್ಕು ಮಾರಿದಾಗ 18% ಜಿಎಸ್‌ಟಿ ಕಟ್ಟಬೇಕು. ಖರ್ಚಿನ ಬಿಲ್‌ಗಳ ಮೇಲೆ ಕಟ್ಟಿದ ಜಿಎಸ್‌ಟಿಯನ್ನು ಅದಕ್ಕೆ ಹೊಂದಿಸಿಕೊಳ್ಳಬಹುದು. ಬಿಲ್ ಇಲ್ಲದೆ ನಗದಿನಲ್ಲಿ ಕೊಟ್ಟಿದ್ದಕ್ಕೆ ಆ ಲಾಭ ಇಲ್ಲ. ಕಲಾವಿದರಿಗೆ, ತಂತ್ರಜ್ಞರಿಗೆ ಕೊಡುವಾಗ ಟಿಡಿಎಸ್ ಹಿಡಿಯಿರಿ. ವರ್ಷದಲ್ಲಿ 50,000 ರೂಪಾಯಿಗಿಂತ ಜಾಸ್ತಿ ಯಾರ್‍ಯಾರಿಗೆ ಕೊಟ್ಟಿರಿ ಅನ್ನುವ ಪಟ್ಟಿಯನ್ನು ಸಿನಿಮಾ ನಿರ್ಮಾಪಕರು ಆದಾಯ ತೆರಿಗೆ ಇಲಾಖೆಗೆ ಪ್ರತ್ಯೇಕವಾಗಿ ಕೊಡಬೇಕು. ಹೊಸಬರಿಗೆ ಇದು ಗೊತ್ತೇ ಇರುವುದಿಲ್ಲ.

ಹೆಜ್ಜೆ 4: ಬಜೆಟ್ ಅನ್ನು ಹಿಂದಿನಿಂದ ಬರೆಯಿರಿ

ಎಲ್ಲರೂ ಬಜೆಟ್ ಶುರು ಮಾಡುವುದು ಶೂಟಿಂಗ್‌ನಿಂದ. ನೀವು ಬಿಡುಗಡೆಯಿಂದ ಶುರು ಮಾಡಿ. ಕೈಯಲ್ಲಿ ಒಟ್ಟು 1 ಕೋಟಿ ಇದೆ ಅಂದುಕೊಳ್ಳಿ. ಅದರಲ್ಲಿ 30 ಲಕ್ಷವನ್ನು ಬಿಡುಗಡೆಗೆ ಅಂತ ಬೇರೆ ಖಾತೆಯಲ್ಲಿ ಇಡಿ. ಕ್ಲೈಮ್ಯಾಕ್ಸ್‌ಗೆ ಇನ್ನೊಂದು ಕ್ರೇನ್ ಬೇಕು ಅಂತ ನಿರ್ದೇಶಕರು ಬಂದಾಗಲೂ ಅದನ್ನು ಮುಟ್ಟಬೇಡಿ.

ಉಳಿದ 70 ಲಕ್ಷ ಹೀಗೆ ಹಂಚಬಹುದು: ಕಥೆ, ಚಿತ್ರಕಥೆ, ನಿರ್ದೇಶನಕ್ಕೆ 8 ಲಕ್ಷ. ಕಲಾವಿದರಿಗೆ 9. ಕ್ಯಾಮೆರಾ, ಲೈಟ್, ಸ್ಥಳದಲ್ಲಿ ಶಬ್ದಗ್ರಹಣ ಮತ್ತು ಆ ತಂತ್ರಜ್ಞರ ಸಂಭಾವನೆ 16. ಊಟ, ವಸತಿ, ಓಡಾಟ, ಲೊಕೇಷನ್ ಬಾಡಿಗೆ 15. ಕಲೆ, ವಸ್ತ್ರ, ಮೇಕಪ್ 5. ಸಂಕಲನ, ಡಿಐ (ದೃಶ್ಯಗಳ ಬಣ್ಣ ಹೊಂದಿಸುವ ಕೆಲಸ), ಶಬ್ದ ವಿನ್ಯಾಸ, ಸಂಗೀತ 10. ಇನ್ನುಳಿದ 7 ಲಕ್ಷ ಅನಿರೀಕ್ಷಿತ ಖರ್ಚಿಗೆ. ಇದು ಒಂದು ಮಾದರಿ ಅಷ್ಟೇ. ನಿಮ್ಮ ಕಥೆಯಲ್ಲಿ ಮಳೆಗಾಲದ ಮಲೆನಾಡು ಇದ್ದರೆ ಅನಿರೀಕ್ಷಿತದ ಸಾಲು ದಪ್ಪಗಾಗಲೇಬೇಕು.

ಈಗ ಹಣ ವಾಪಸ್ ಬರುವ ಲೆಕ್ಕ. ಟಿಕೆಟ್ ಬೆಲೆ 177 ರೂಪಾಯಿ ಇಟ್ಟುಕೊಳ್ಳಿ. ಅದರಲ್ಲಿ 18% ಜಿಎಸ್‌ಟಿ 27 ರೂಪಾಯಿ. ಉಳಿದ 150ರಲ್ಲಿ ಮಲ್ಟಿಪ್ಲೆಕ್ಸ್ ಮೊದಲ ವಾರ ಸಾಮಾನ್ಯವಾಗಿ ಅರ್ಧ ಇಟ್ಟುಕೊಳ್ಳುತ್ತದೆ, ನಿಮ್ಮ ಕಡೆಗೆ 75. ವಿತರಕರ ಕಮಿಷನ್ 15% ಅಂದರೆ 11 ರೂಪಾಯಿ ಚಿಲ್ಲರೆ. ಕೈಗೆ ಬಂದಿದ್ದು 64ಕ್ಕಿಂತ ಸ್ವಲ್ಪ ಕಡಿಮೆ. ಚಿತ್ರಮಂದಿರದಿಂದಲೇ 1 ಕೋಟಿ ಎತ್ತಬೇಕೆಂದರೆ ಒಂದೂವರೆ ಲಕ್ಷಕ್ಕಿಂತ ಜಾಸ್ತಿ ಜನ ಟಿಕೆಟ್ ತಗೋಬೇಕು. ಹೊಸಬರ ಸಿನಿಮಾಗೆ ಅಷ್ಟು ಜನ ಬರುತ್ತಾರಾ? ಈ ಪ್ರಶ್ನೆಯನ್ನು ಮುಹೂರ್ತಕ್ಕೆ ಮೊದಲೇ ಕೇಳಿಕೊಳ್ಳಿ. ‘ಇಲ್ಲ’ ಅನ್ನಿಸಿದರೆ ಬಜೆಟ್ 50 ಲಕ್ಷಕ್ಕೆ ಇಳಿಸಿ, ಅಥವಾ ಬೇರೆ ಆದಾಯ ಎಲ್ಲಿಂದ ಅಂತ ಈಗಲೇ ಬರೆದಿಡಿ.

ಟಿಕೆಟ್ ದರದ ನಿಯಮಗಳು ಬದಲಾಗುತ್ತಲೇ ಇವೆ. 2025ರ ಸೆಪ್ಟೆಂಬರ್‌ನಲ್ಲಿ ರಾಜ್ಯ ಸರ್ಕಾರ 200 ರೂಪಾಯಿ ಮಿತಿ ತಂದಿತು. ಅದೇ ತಿಂಗಳು ಹೈಕೋರ್ಟ್ ಅದಕ್ಕೆ ತಡೆ ಕೊಟ್ಟಿತು. ಅದೇ ತಿಂಗಳಲ್ಲೇ 100 ರೂಪಾಯಿವರೆಗಿನ ಟಿಕೆಟ್ ಮೇಲಿನ ಜಿಎಸ್‌ಟಿ 5 ಪರ್ಸೆಂಟಿಗೆ ಇಳಿಯಿತು. ಬಿಡುಗಡೆ ಹೊತ್ತಿಗೆ ಲೆಕ್ಕ ಮತ್ತೆ ಹಾಕಿ.

ಹೆಜ್ಜೆ 5: ಹಣ

ಕನ್ನಡದಲ್ಲಿ ನಾಲ್ಕು ದಾರಿ ಕಾಣುತ್ತವೆ.

ಒಂದು, ಫೈನಾನ್ಶಿಯರ್. ತಿಂಗಳಿಗೆ ನೂರಕ್ಕೆ ಮೂರು ರೂಪಾಯಿ ಬಡ್ಡಿಯಲ್ಲಿ 30 ಲಕ್ಷ ತಂದರೆ ತಿಂಗಳಿಗೆ 90,000. ಸಿನಿಮಾ ಹದಿನೆಂಟು ತಿಂಗಳು ಎಳೆದರೆ ಬಡ್ಡಿಯೇ 16 ಲಕ್ಷ ದಾಟುತ್ತದೆ. ಬಿಡುಗಡೆ ಹಿಂದಿನ ರಾತ್ರಿ ಬಾಕಿ ಕಟ್ಟದೆ ಸಿನಿಮಾ ಬಿಡುವುದಿಲ್ಲ ಅಂತ ಕೂರುವುದು ಈ ದಾರಿಯಲ್ಲೇ. ಮೊದಲ ಸಿನಿಮಾಗೆ ಈ ಸಾಲ ಬೇಡ.

ಎರಡು, ಜನರ ಹಣ. 2013ರ ‘ಲೂಸಿಯಾ’ಗೆ ಪವನ್ ಕುಮಾರ್ ನೂರಕ್ಕೂ ಜಾಸ್ತಿ ಜನರಿಂದ ಸುಮಾರು 50 ಲಕ್ಷ ಸೇರಿಸಿದರು. 2023ರ ‘ಡೇರ್‌ಡೆವಿಲ್ ಮುಸ್ತಾಫಾ’ಗೆ ಪೂರ್ಣಚಂದ್ರ ತೇಜಸ್ವಿಯವರ ಓದುಗರೇ ಕೈಜೋಡಿಸಿ ಬಂಡವಾಳ ಹಾಕಿದರು. ಎರಡರಲ್ಲೂ ಒಂದು ವಿಷಯ ಗಮನಿಸಿ. ಹಣ ಕೇಳುವ ಮೊದಲೇ ಒಂದು ಬಳಗ ಇತ್ತು. ಒಂದರಲ್ಲಿ ನಿರ್ದೇಶಕರನ್ನು ಓದುತ್ತಿದ್ದ, ನಂಬಿದ್ದ ಜನ. ಇನ್ನೊಂದರಲ್ಲಿ ಲೇಖಕರನ್ನು ಹಚ್ಚಿಕೊಂಡ ಜನ. ಬಳಗ ಇಲ್ಲದೆ ಲಿಂಕ್ ಹಂಚಿದರೆ ನಿಮ್ಮ ಸೋದರಮಾವ ಮಾತ್ರ ದುಡ್ಡು ಹಾಕುತ್ತಾರೆ. ಕಾನೂನಿನ ಎಚ್ಚರಿಕೆಯೂ ಬೇಕು: ಸಾರ್ವಜನಿಕರಿಗೆ ‘ಇಷ್ಟು ಪರ್ಸೆಂಟ್ ಗ್ಯಾರಂಟಿ ವಾಪಸ್’ ಅಂತ ಹೇಳಿ ಹಣ ತಗೊಂಡರೆ 2019ರ ಅನಿಯಂತ್ರಿತ ಠೇವಣಿ ನಿಷೇಧ ಕಾಯ್ದೆಗೆ ಸಿಕ್ಕಿಕೊಳ್ಳುವ ಅಪಾಯವಿದೆ. ಕಂಪನಿಯ ಷೇರು ಕೊಡುವುದಾದರೆ ವರ್ಷಕ್ಕೆ 200 ಜನರ ಮಿತಿ ಇದೆ. ವಕೀಲರ ಹತ್ತಿರ ಒಂದು ಗಂಟೆ ಕೂತು ಬನ್ನಿ.

ಮೂರು, ದೊಡ್ಡ ಬ್ಯಾನರ್ ಜೊತೆ ಸೇರುವುದು. 2022ರಲ್ಲಿ ಬೂಸಾನ್ ಚಿತ್ರೋತ್ಸವದಲ್ಲಿ ನ್ಯೂ ಕರೆಂಟ್ಸ್ ಪ್ರಶಸ್ತಿ ಪಡೆದ ಜೈಶಂಕರ್ ಆರ್ಯರ್ ಅವರ ‘ಶಿವಮ್ಮ’ಕ್ಕೆ ರಿಷಬ್ ಶೆಟ್ಟಿ ನಿರ್ಮಾಪಕರು. ಹೆಸರು ಮಾಡಿದ ನಟರು ತಮ್ಮ ದುಡಿಮೆಯ ಹಣವನ್ನು ಇಂಥ ಸಿನಿಮಾಗಳಿಗೆ ಹಾಕುತ್ತಿರುವುದು ನಮ್ಮ ಕಾಲದ ಒಳ್ಳೆ ಸುದ್ದಿ. ಅವರ ಹತ್ತಿರ ಹೋಗುವಾಗ ಬರೀ ಕಥೆ ಹೇಳಬೇಡಿ. ಚಿತ್ರಕಥೆ, ಬಜೆಟ್, ಲೊಕೇಷನ್ ಫೋಟೋ, ಹತ್ತು ನಿಮಿಷದ ಟೆಸ್ಟ್ ಶೂಟ್ ಹಿಡಿದುಕೊಂಡು ಹೋಗಿ.

ನಾಲ್ಕು, ಚಿತ್ರೋತ್ಸವಗಳ ನಿಧಿ ಮತ್ತು ಮಾರುಕಟ್ಟೆ. ಗೋವಾದಲ್ಲಿ ನವೆಂಬರ್‌ನಲ್ಲಿ ಕೇಂದ್ರ ಸರ್ಕಾರದ ಚಲನಚಿತ್ರ ಅಭಿವೃದ್ಧಿ ನಿಗಮ (ಎನ್‌ಎಫ್‌ಡಿಸಿ) ನಡೆಸುವ ಫಿಲ್ಮ್ ಬಜಾರ್‌ನಲ್ಲಿ ಸಹನಿರ್ಮಾಣ ಮಾರುಕಟ್ಟೆ ಇದೆ. ರಾಟರ್‌ಡ್ಯಾಮ್ ಚಿತ್ರೋತ್ಸವದ ಹ್ಯೂಬರ್ಟ್ ಬಾಲ್ಸ್ ಫಂಡ್ ಭಾರತದ ಯೋಜನೆಗಳಿಗೂ ನೆರವು ಕೊಟ್ಟಿದೆ. ನಿಧಾನದ ದಾರಿ ಇದು. ಆದರೆ ಬಂದ ಹಣಕ್ಕೆ ಬಡ್ಡಿ ಇಲ್ಲ.

ರಾಜ್ಯ ಸರ್ಕಾರದ ಸಹಾಯಧನವನ್ನು ಈ ಪಟ್ಟಿಗೆ ಸೇರಿಸಿಲ್ಲ. ಅದು ಗುಣಮಟ್ಟ ನೋಡಿ ಸಿನಿಮಾ ಮುಗಿದ ಮೇಲೆ ಬರುವ ಹಣ, ಬರುವಾಗ ಬಹಳ ತಡ ಆಗಿರುತ್ತದೆ. ಅದನ್ನು ನಂಬಿ ಸಾಲ ಮಾಡಬೇಡಿ. ಬಂದ ದಿನ ಖುಷಿ ಪಡಿ.

ಯಾರ ಹಣವಾದರೂ ಸರಿ, ಮೊದಲು ಬಂದ ಆದಾಯ ಯಾರಿಗೆ, ಆಮೇಲೆ ಯಾರಿಗೆ, ಲಾಭದಲ್ಲಿ ಯಾರಿಗೆಷ್ಟು ಅನ್ನುವ ಸಾಲು ಕರಾರಿನಲ್ಲಿ ಇರಲಿ. ಬಂಡವಾಳದಾರರಿಗೆ ‘ಪೂರ್ತಿ ಹೋಗಬಹುದು’ ಅಂತ ಬಾಯಿಬಿಟ್ಟು ಹೇಳಿ. ಆ ಮಾತು ಕೇಳಿ ಓಡಿ ಹೋಗುವವರು ಮೊದಲೇ ಓಡಿ ಹೋಗಲಿ.

ಹೆಜ್ಜೆ 6: ತಂಡ ಮತ್ತು ಅನುಮತಿ

ನಿರ್ದೇಶಕರ ನಂತರ ನೀವು ಆರಿಸಬೇಕಾದ ಮುಖ್ಯ ವ್ಯಕ್ತಿ ಪ್ರೊಡಕ್ಷನ್ ಮ್ಯಾನೇಜರ್. ನಾಯಕ ನಟರಿಗಿಂತ ಮೊದಲು ಅವರನ್ನು ಆರಿಸಿ. ತಂಡದ ಎಲ್ಲರಿಗೂ ಒಂದು ಪುಟದ್ದಾದರೂ ಸರಿ, ಕರಾರು ಇರಲಿ. ಸಂಭಾವನೆ, ದಿನಗಳು, ಡಬ್ಬಿಂಗ್ ಮತ್ತು ಪ್ರಚಾರಕ್ಕೆ ಬರುವ ಜವಾಬ್ದಾರಿ, ಹೆಸರು ತೆರೆ ಮೇಲೆ ಹೇಗೆ ಬರುತ್ತದೆ ಅನ್ನುವುದು ಅದರಲ್ಲಿರಲಿ. 10 ಅಥವಾ ಅದಕ್ಕಿಂತ ಜಾಸ್ತಿ ಜನ ಕೆಲಸ ಮಾಡುವ ಜಾಗದಲ್ಲಿ ಲೈಂಗಿಕ ಕಿರುಕುಳ ತಡೆಗೆ ಆಂತರಿಕ ಸಮಿತಿ ಇರಬೇಕು ಅಂತ 2013ರ ಕಾಯ್ದೆ ಹೇಳುತ್ತದೆ. ಸಿನಿಮಾ ಯೂನಿಟ್ ಅಂದರೆ ಹತ್ತು ಜನಕ್ಕಿಂತ ಕಡಿಮೆ ಯಾವತ್ತೂ ಇರುವುದಿಲ್ಲ. ಸಮಿತಿಯವರ ಹೆಸರು, ಫೋನ್ ನಂಬರ್ ಕಾಲ್‌ಶೀಟ್‌ನಲ್ಲೇ (ದಿನದ ಶೂಟಿಂಗ್ ವಿವರದ ಹಾಳೆ) ಹಾಕಿ.

ಅನುಮತಿಗಳ ವಿಷಯದಲ್ಲಿ ಸೋಮಾರಿತನ ಬೇಡ. ಹಂಪಿಯಂಥ ಸ್ಮಾರಕಕ್ಕೆ ಭಾರತೀಯ ಪುರಾತತ್ವ ಇಲಾಖೆ, ಕಾಡಿಗೆ ಅರಣ್ಯ ಇಲಾಖೆ, ರೈಲು ನಿಲ್ದಾಣಕ್ಕೆ ರೈಲ್ವೆ, ರಸ್ತೆಗೆ ಪೊಲೀಸ್ ಮತ್ತು ಸ್ಥಳೀಯ ಸಂಸ್ಥೆ. ಡ್ರೋನ್ ಹಾರಿಸಲು ಬೇರೆ ನಿಯಮ. ಮಕ್ಕಳು ನಟಿಸುವುದಾದರೆ ಜಿಲ್ಲಾಧಿಕಾರಿಗಳ ಅನುಮತಿ ಬೇಕು. ಮಗುವಿನಿಂದ ದಿನಕ್ಕೆ 5 ಗಂಟೆಗಿಂತ ಜಾಸ್ತಿ, ಬಿಡುವಿಲ್ಲದೆ 3 ಗಂಟೆಗಿಂತ ಜಾಸ್ತಿ ಕೆಲಸ ಮಾಡಿಸುವಂತಿಲ್ಲ. ಮಗುವಿನ ಸಂಭಾವನೆಯಲ್ಲಿ ಕನಿಷ್ಠ 20% ಅದರ ಹೆಸರಲ್ಲಿ ಠೇವಣಿ ಇಡಬೇಕು.

ಇನ್ನು ಪ್ರಾಣಿಗಳು. ಹಳ್ಳಿ ಕಥೆ ಅಂದಮೇಲೆ ಎತ್ತು, ಹಸು, ಕೋಳಿ ಬಂದೇ ಬರುತ್ತವೆ ಅಲ್ವಾ? ಅವುಗಳಿಂದ ನಟನೆ ಮಾಡಿಸುವುದಾದರೆ ಭಾರತೀಯ ಪ್ರಾಣಿ ಕಲ್ಯಾಣ ಮಂಡಳಿಯ ಅನುಮತಿಯನ್ನು ಶೂಟಿಂಗ್‌ಗೆ ಮೊದಲೇ ಪಡೆಯಬೇಕು. ಇಲ್ಲದಿದ್ದರೆ ಸೆನ್ಸಾರ್ ಹಂತದಲ್ಲಿ ಆ ದೃಶ್ಯ ಕತ್ತರಿಸಬೇಕಾಗುತ್ತದೆ. ಕಥೆಯ ಮುಖ್ಯ ತಿರುವು ಕೋಳಿ ಅಂಕದ ಮೇಲೆ ನಿಂತಿದ್ದರೆ ಈಗಲೇ ಯೋಚಿಸಿ.

ಹೆಜ್ಜೆ 7: ಶೂಟಿಂಗ್‌ನ ಒಂದು ದಿನ

1 ಕೋಟಿ ಮಾದರಿಯಲ್ಲಿ 25 ದಿನದ ಶೂಟಿಂಗ್ ಇದ್ದರೆ ದಿನದ ಖರ್ಚು ಸುಮಾರು ಒಂದೂವರೆ ಲಕ್ಷ ಬೀಳುತ್ತದೆ. ಎರಡು ದಿನ ಜಾಸ್ತಿ ಆದರೆ 3 ಲಕ್ಷ. ಅಂದರೆ ಅನಿರೀಕ್ಷಿತಕ್ಕೆ ಇಟ್ಟ ಹಣದಲ್ಲಿ ಹತ್ತಿರ ಹತ್ತಿರ ಅರ್ಧ.

ದಿನ ಎಲ್ಲಿ ಹೋಗುತ್ತದೆ ನೋಡಿ. ಕಾಲ್‌ಟೈಮ್ ಬೆಳಿಗ್ಗೆ ಆರು. ಯೂನಿಟ್ ಬಂತು, ಇಡ್ಲಿ ಚಟ್ನಿ ಆಯಿತು. ಜನರೇಟರ್ ವ್ಯಾನ್ ಓಣಿಯ ತಿರುವಿನಲ್ಲಿ ತಿರುಗುತ್ತಿಲ್ಲ. ಅದನ್ನು ಊರ ಮುಂದೆಯೇ ನಿಲ್ಲಿಸಿ ಉದ್ದದ ಕೇಬಲ್ ಎಳೆಯಬೇಕು, ಅಷ್ಟು ಕೇಬಲ್ ತಂದಿಲ್ಲ. ಹತ್ತಿರದ ಪೇಟೆಯಿಂದ ತರಿಸುವ ಹೊತ್ತಿಗೆ ಮೊದಲ ಶಾಟ್ 9:40. ಬೆಳಗಿನ ಎಳೆ ಬಿಸಿಲು ಹೋಯಿತು. ಆ ದೃಶ್ಯ ನಾಳೆಗೆ, ನಾಳೆಯದು ನಾಡಿದ್ದಿಗೆ. ಇಷ್ಟಕ್ಕೂ ಕಾರಣ ಲೊಕೇಷನ್ ನೋಡಲು ಹೋದಾಗ ನಿರ್ದೇಶಕರು, ಛಾಯಾಗ್ರಾಹಕರು ಕಾರಲ್ಲಿ ಹೋಗಿ ಬಂದದ್ದು. ಮ್ಯಾನೇಜರ್ ಮತ್ತು ಲೈಟ್ ವಿಭಾಗದವರನ್ನು ಕರೆದುಕೊಂಡು ಹೋಗಿದ್ದರೆ ಅವರು ಮೊದಲು ನೋಡುತ್ತಿದ್ದದ್ದೇ ಆ ತಿರುವನ್ನು.

ಹಾಗಾಗಿ ನಿರ್ಮಾಪಕರು ಸೆಟ್ಟಿನಲ್ಲಿ ಮಾನಿಟರ್ ಮುಂದೆ ಕೂತು ಅಭಿಪ್ರಾಯ ಕೊಡುವುದಕ್ಕಿಂತ ಎರಡು ಸಂಖ್ಯೆ ಬರೆದುಕೊಳ್ಳುವುದು ಮುಖ್ಯ: ಮೊದಲ ಶಾಟ್ ಎಷ್ಟು ಗಂಟೆಗೆ, ಇವತ್ತು ಚಿತ್ರಕಥೆಯ ಎಷ್ಟು ಪುಟ ಮುಗಿಯಿತು. ಮೂರು ದಿನ ಸತತ ಹಿಂದೆ ಬಿದ್ದರೆ ಅವತ್ತು ರಾತ್ರಿಯೇ ನಿರ್ದೇಶಕರ ಜೊತೆ ಕೂತು ಯಾವ ದೃಶ್ಯ ಬಿಡುವುದು ಅಂತ ತೀರ್ಮಾನ ಮಾಡಿ. ಕೊನೆಯ ವಾರಕ್ಕೆ ಮುಂದೂಡಿದರೆ ಬಿಡಬಾರದ ದೃಶ್ಯವೇ ಹೋಗುತ್ತದೆ.

ಊಟದಲ್ಲಿ ಜಿಪುಣತನ ಬೇಡ. ಒಬ್ಬರಿಗೆ ದಿನಕ್ಕೆ 350 ರೂಪಾಯಿ ಹಿಡಿದರೂ 40 ಜನರಿಗೆ 14,000. ಅದರಲ್ಲಿ ಎರಡು ಸಾವಿರ ಉಳಿಸಲು ಹೋಗಿ ಇಡೀ ಯೂನಿಟ್ಟಿನ ಮನಸ್ಸು ಕೆಡಿಸಿಕೊಳ್ಳಬೇಡಿ. ಬಾಟಾ ಅವತ್ತಿನದು ಅವತ್ತೇ ಕೊಡಿ. ಗಾಂಧಿನಗರದಲ್ಲಿ ನಿಮ್ಮ ಹೆಸರು ಲೈಟ್ ಬಾಯ್‌ಗಳ ಬಾಯಲ್ಲಿ ಓಡಾಡುತ್ತದೆ. ಎರಡನೇ ಸಿನಿಮಾಗೆ ಅವರೇ ಬರಬೇಕು. ಪ್ರತಿದಿನದ ಫೂಟೇಜ್ ಎರಡು ಬೇರೆ ಬೇರೆ ಹಾರ್ಡ್ ಡಿಸ್ಕ್‌ಗೆ ಕಾಪಿ ಆಗುವ ತನಕ ಕಾರ್ಡ್ ಅಳಿಸಲು ಬಿಡಬೇಡಿ.

ಶೂಟಿಂಗ್ ಮುಗಿಸಿ ಕುಂಬಳಕಾಯಿ ಒಡೆದ ದಿನ ಎಲ್ಲರೂ ಫೋಟೋ ತೆಗೆಸಿಕೊಂಡು ಮನೆಗೆ ಹೋಗುತ್ತಾರೆ. ನಿಮ್ಮ ಕೆಲಸ ಅರ್ಧ ಆಗಿದೆ ಅಷ್ಟೇ.

ಹೆಜ್ಜೆ 8: ಸಂಕಲನದಿಂದ ಸೆನ್ಸಾರ್‌ವರೆಗೆ

ಒರಟು ಸಂಕಲನ ಆದ ಕೂಡಲೇ ಸಿನಿಮಾದವರಲ್ಲದ ಹತ್ತಿಪ್ಪತ್ತು ಜನರಿಗೆ ತೋರಿಸಿ. ನೆಂಟರು ಬೇಡ. ‘ಹೇಗಿದೆ’ ಅಂತ ಕೇಳಬೇಡಿ, ಎಲ್ಲರೂ ಚೆನ್ನಾಗಿದೆ ಅನ್ನುತ್ತಾರೆ. ಯಾವಾಗ ಮೊಬೈಲ್ ತೆಗೆದರು ಅಂತ ನೋಡಿ. ಚಿತ್ರೋತ್ಸವದ ಆಸೆ ಇದ್ದರೆ ಡಿಐ, ಶಬ್ದ ಮುಗಿಸುವ ಮೊದಲೇ ಫಿಲ್ಮ್ ಬಜಾರ್‌ನ ವರ್ಕ್ ಇನ್ ಪ್ರೋಗ್ರೆಸ್ ಲ್ಯಾಬ್‌ಗೆ ಅರ್ಜಿ ಹಾಕಿ. ಅಲ್ಲಿಗೆ ಬೇಕಿರುವುದೇ ಒರಟು ಸಂಕಲನ.

ಸೆನ್ಸಾರ್ ಅರ್ಜಿ ಈಗ ಇ-ಸಿನಿಪ್ರಮಾಣ್ ಜಾಲತಾಣದಲ್ಲಿ. 2024ರ ನಿಯಮಗಳ ಪ್ರಕಾರ ಯು ಮತ್ತು ಎ ನಡುವೆ ಯುಎ 7+, ಯುಎ 13+, ಯುಎ 16+ ಅನ್ನುವ ಮೂರು ದರ್ಜೆ ಇವೆ. ಎ ಸಿಕ್ಕರೆ ಟಿವಿಯಲ್ಲಿ ಹಾಕುವ ಹಾಗಿಲ್ಲ, ಕತ್ತರಿಸಿ ಮತ್ತೆ ಯುಎ ಪಡೆಯಬೇಕು. ಆದ್ದರಿಂದ ಟಿವಿ ಹಕ್ಕಿನ ಹಣ ನಂಬಿದ್ದವರು ಚಿತ್ರಕಥೆ ಹಂತದಲ್ಲೇ ಈ ಯೋಚನೆ ಮಾಡಿರಬೇಕು. ಬೀಡಿ ಸಿಗರೇಟಿನ ದೃಶ್ಯವಿದ್ದರೆ ಆರೋಗ್ಯದ ಎಚ್ಚರಿಕೆ ತುಣುಕು ಶುರುವಿನಲ್ಲಿ ಮತ್ತು ಮಧ್ಯದಲ್ಲಿ ಕಡ್ಡಾಯ, ದೃಶ್ಯದ ಕೆಳಗೆ ಬರಹವೂ ಬೇಕು. ಕಿವಿ, ಕಣ್ಣಿನ ತೊಂದರೆ ಇರುವವರಿಗೂ ಸಿನಿಮಾ ತಲುಪಲಿ ಅಂತ ಕ್ಯಾಪ್ಷನ್ ಮತ್ತು ಆಡಿಯೋ ವಿವರಣೆ ಬಗ್ಗೆ ಕೇಂದ್ರ ಸರ್ಕಾರ 2024ರಲ್ಲಿ ಮಾರ್ಗಸೂಚಿ ತಂದಿದೆ. ಇದಕ್ಕೂ ಬಜೆಟ್ಟಿನಲ್ಲಿ ಜಾಗ ಇಡಿ. ಸೆನ್ಸಾರ್ ಮಂಡಳಿಯ ತೀರ್ಪು ಒಪ್ಪಿಗೆಯಾಗದಿದ್ದರೆ ಪರಿಷ್ಕರಣಾ ಸಮಿತಿ, ಆಮೇಲೆ ಹೈಕೋರ್ಟ್. ಮಧ್ಯೆ ಇದ್ದ ಮೇಲ್ಮನವಿ ನ್ಯಾಯಮಂಡಳಿ 2021ರಲ್ಲೇ ರದ್ದಾಗಿದೆ. ಪ್ರಮಾಣಪತ್ರ ಕೈಗೆ ಬರುವ ತನಕ ಬಿಡುಗಡೆ ದಿನಾಂಕದ ಪೋಸ್ಟರ್ ಅಂಟಿಸಬೇಡಿ.

ಹೆಜ್ಜೆ 9: ಮೊದಲು ಚಿತ್ರೋತ್ಸವವೋ, ಚಿತ್ರಮಂದಿರವೋ?

ದೊಡ್ಡ ಚಿತ್ರೋತ್ಸವಗಳಿಗೆ ಮೊದಲ ಪ್ರದರ್ಶನ ತಮ್ಮಲ್ಲೇ ಆಗಬೇಕು. ಮೊದಲು ಇಲ್ಲಿ ಬಿಡುಗಡೆ ಮಾಡಿದರೆ ಆ ಬಾಗಿಲು ಮುಚ್ಚಿತು. ‘ತಿಥಿ’ 2015ರಲ್ಲಿ ಲೊಕಾರ್ನೊದಲ್ಲಿ ಎರಡು ಪ್ರಶಸ್ತಿ ಪಡೆದು, 2016ರಲ್ಲಿ ಕರ್ನಾಟಕದ ಚಿತ್ರಮಂದಿರಕ್ಕೆ ಬಂತು. ಮಂಡ್ಯ ಕಡೆಯ ಹಳ್ಳಿಯವರೇ ನಟಿಸಿದ ಸಿನಿಮಾ ಅದು, ಸ್ಟಾರ್ ಯಾರೂ ಇರಲಿಲ್ಲ. ಪ್ರಶಸ್ತಿಯ ಸುದ್ದಿಯೇ ಪ್ರಚಾರದ ಕೆಲಸ ಮಾಡಿತು. ಆದರೆ ಎಲ್ಲ ಸಿನಿಮಾಗೂ ಇದು ಹೊಂದುವುದಿಲ್ಲ. ನಿಮ್ಮದು ನಗಿಸುವ, ಸೀಟಿ ಹೊಡೆಸುವ ಸಿನಿಮಾ ಆದರೆ ಚಿತ್ರೋತ್ಸವಕ್ಕೆ ಕಾದು ಒಂದು ವರ್ಷ ಕಳೆಯಬೇಡಿ.

ಒಟಿಟಿ ವಿಷಯದಲ್ಲಿ ಕನ್ನಡದ ಸಣ್ಣ ಸಿನಿಮಾಗಳ ಪಾಡು ಕಷ್ಟದ್ದೇ. ಮುಂಗಡ ಹಣ ಕೊಟ್ಟು ಕೊಳ್ಳುವುದು ಕಡಿಮೆ. ಜನ ನೋಡಿದ ಗಂಟೆಗಳ ಲೆಕ್ಕದಲ್ಲಿ ಪಾಲು, ಅಥವಾ ಬಾಡಿಗೆ ಲೆಕ್ಕ ಅನ್ನುತ್ತಾರೆ. ರಕ್ಷಿತ್ ಶೆಟ್ಟಿಯವರ ಪರಂವಃ ಸ್ಟುಡಿಯೋಸ್ ಕೂಡ ‘ಏಕಂ’ ಸರಣಿಯನ್ನು 2024ರಲ್ಲಿ ತನ್ನದೇ ಜಾಲತಾಣ ಮಾಡಿ ತೋರಿಸಬೇಕಾಯಿತು. ಅವರಿಗೇ ಹಾಗಾದರೆ ಹೊಸಬರ ಬಜೆಟ್ಟಿನಲ್ಲಿ ಒಟಿಟಿ ಸಾಲಿಗೆ ಸೊನ್ನೆ ಬರೆಯುವುದು ಕ್ಷೇಮ. ಪಾಲಿನ ಕರಾರು ಮಾಡಿಕೊಂಡರೂ ಅವಧಿ ಚಿಕ್ಕದಿರಲಿ.

ಹೆಜ್ಜೆ 10: ಬಿಡುಗಡೆ

ವಿತರಕರ ಜೊತೆ ಮೂರು ಬಗೆಯ ವ್ಯವಹಾರ ನಡೆಯುತ್ತದೆ. ಔಟ್‌ರೈಟ್ ಅಂದರೆ ಒಂದೇ ಸಲ ಹಣ ಕೊಟ್ಟು ಹಕ್ಕು ಕೊಳ್ಳುವುದು. ಎಂಜಿ ಅಂದರೆ ಕನಿಷ್ಠ ಇಷ್ಟು ಅಂತ ಗ್ಯಾರಂಟಿ, ಮೇಲೆ ಬಂದರೆ ಪಾಲು. ಕಮಿಷನ್ ಅಂದರೆ ಅಪಾಯವೆಲ್ಲ ನಿಮ್ಮದು, ಅವರಿಗೆ ಕೂಲಿ. ಹೊಸಬರಿಗೆ ಸಿಗುವುದು ಮೂರನೆಯದೇ. ಕರ್ನಾಟಕವನ್ನು ವಿತರಕರು ಬಿಕೆಟಿ ಅಂದರೆ ಬೆಂಗಳೂರು, ಕೋಲಾರ, ತುಮಕೂರು, ಮೈಸೂರು ಕಡೆ, ಶಿವಮೊಗ್ಗ, ದಾವಣಗೆರೆ ಕಡೆ, ಹುಬ್ಬಳ್ಳಿ ಕಡೆ, ಕಲ್ಯಾಣ ಕರ್ನಾಟಕ, ಮಂಗಳೂರು ಹೀಗೆ ಪ್ರದೇಶಗಳಾಗಿ ನೋಡುತ್ತಾರೆ. ನಿಮ್ಮ ಕಥೆ ಧಾರವಾಡದ ಮಾತಿನದಾದರೆ ಹುಬ್ಬಳ್ಳಿ ಪ್ರದೇಶದಲ್ಲಿ ಬಲವಾಗಿರುವ ವಿತರಕರನ್ನೇ ಹುಡುಕಿ. ಇಡೀ ರಾಜ್ಯಕ್ಕೆ ಒಂದೇ ದಿನ ಹೋಗಬೇಕೆಂಬ ಹಟ ಬೇಡ.

ಬೆಂಗಳೂರಿನ ಕೆ.ಜಿ. ರಸ್ತೆಯಲ್ಲಿ ‘ಮೇನ್ ಥಿಯೇಟರ್’ ಬೇಕು ಅನ್ನುವ ಆಸೆ ಎಷ್ಟೋ ನಿರ್ಮಾಪಕರನ್ನು ಮುಳುಗಿಸಿದೆ. ಒಂಟಿ ಪರದೆ ಚಿತ್ರಮಂದಿರಗಳಲ್ಲಿ ವಾರದ ಬಾಡಿಗೆ ಪದ್ಧತಿ ಇದೆ. ಜನ ಬಂದರೂ ಬರದಿದ್ದರೂ ಬಾಡಿಗೆ ನೀವು ಕಟ್ಟಬೇಕು. ಕಟೌಟ್ ಮುಂದೆ ನಿಂತು ತೆಗೆಸಿಕೊಂಡ ಫೋಟೋಗೆ ಅಷ್ಟು ಬೆಲೆ ಬೇಕಾ? ಇದರ ಜೊತೆಗೆ ಡಿಜಿಟಲ್ ಪ್ರದರ್ಶನದ ವಿಪಿಎಫ್ ಶುಲ್ಕ ಇದೆ. ಇದು ದುಬಾರಿ ಅಂತ 2018ರ ಮಾರ್ಚ್‌ನಲ್ಲಿ ದಕ್ಷಿಣದ ಚಿತ್ರರಂಗಗಳು ಬಿಡುಗಡೆಯನ್ನೇ ನಿಲ್ಲಿಸಿದ್ದವು. ಪರದೆ ಜಾಸ್ತಿ ಆದಷ್ಟೂ ಈ ಶುಲ್ಕವೂ ಜಾಸ್ತಿ.

ಹೊಸಬರಿಗೆ ನನ್ನ ಸಲಹೆ: ಕಡಿಮೆ ಪರದೆ, ಒಳ್ಳೆ ಸಮಯದ ಶೋ. ಬೆಳಿಗ್ಗೆ ಹತ್ತರ ಶೋ ಐವತ್ತು ಕಡೆ ಸಿಗುವುದಕ್ಕಿಂತ ಸಂಜೆ ಏಳರ ಶೋ ಹದಿನೈದು ಕಡೆ ಸಿಕ್ಕರೆ ಮೇಲು. ಬಿಡುಗಡೆಗೆ ಮೊದಲು ಮೈಸೂರು, ಶಿವಮೊಗ್ಗ, ಹುಬ್ಬಳ್ಳಿಯಲ್ಲಿ ಟಿಕೆಟ್ ಇಟ್ಟ ಪ್ರೀಮಿಯರ್ ಮಾಡಿ. ನೋಡಿದವರ ಬಾಯಿ ಮಾತು ಶುಕ್ರವಾರಕ್ಕೆ ಮೊದಲೇ ಹರಡಲಿ. ಎಸ್‌ಎಸ್‌ಎಲ್‌ಸಿ, ಪಿಯು ಪರೀಕ್ಷೆ, ಐಪಿಎಲ್, ಪರಭಾಷೆಯ ದೊಡ್ಡ ಸಿನಿಮಾ ಇರುವ ವಾರಗಳನ್ನು ಬಿಡಿ. ಅಮೆರಿಕ, ಬ್ರಿಟನ್, ಕೊಲ್ಲಿ ದೇಶ, ಸಿಂಗಪುರದ ಕನ್ನಡ ಕೂಟಗಳಿಗೆ ನೇರವಾಗಿ ಬರೆಯಿರಿ. ವಾರಾಂತ್ಯದ ಒಂದೆರಡು ಶೋ ತುಂಬಿಸುವ ಶಕ್ತಿ ಅವರಿಗಿದೆ, ಅಲ್ಲಿನ ಟಿಕೆಟ್ ಬೆಲೆಯೂ ಜಾಸ್ತಿ.

ಪೈರಸಿ ಮೊದಲ ದಿನವೇ ಬರುತ್ತದೆ. ಸಿನಿಮಾಟೋಗ್ರಾಫ್ ಕಾಯ್ದೆಯ 2023ರ ತಿದ್ದುಪಡಿಯಲ್ಲಿ 3 ತಿಂಗಳಿಂದ 3 ವರ್ಷ ಜೈಲು, ಕನಿಷ್ಠ 3 ಲಕ್ಷ ದಂಡ ಅಂತ ಇದೆ. ಲಿಂಕ್ ಹುಡುಕಿ ತೆಗೆಸುವ ಕೆಲಸಕ್ಕೆ ಒಬ್ಬರನ್ನು ಮೊದಲೇ ಗೊತ್ತು ಮಾಡಿ.

ಹೆಜ್ಜೆ 11: ಬಿಡುಗಡೆಯ ಮರುದಿನದಿಂದ

ವಿತರಕರಿಂದ ಚಿತ್ರಮಂದಿರವಾರು ದಿನದ ಗಳಿಕೆ ವರದಿ ಪ್ರತಿದಿನ ತರಿಸಿಕೊಳ್ಳಿ. ತಿಂಗಳಾದ ಮೇಲೆ ಕೇಳಿದರೆ ಲೆಕ್ಕ ಸಿಗುವುದು ಕಷ್ಟ. ಲಾಭ ಬರಲಿ ನಷ್ಟ ಬರಲಿ, ಮೂರು ತಿಂಗಳೊಳಗೆ ಬಂಡವಾಳ ಹಾಕಿದ ಪ್ರತಿಯೊಬ್ಬರಿಗೂ ಬರಹದ ಲೆಕ್ಕ ಕಳಿಸಿ. ದುಡ್ಡು ಕಳೆದುಕೊಂಡವರೂ ಲೆಕ್ಕ ಕೊಟ್ಟವರಿಗೆ ಮತ್ತೆ ದುಡ್ಡು ಕೊಡುತ್ತಾರೆ. ಗೆದ್ದೂ ಲೆಕ್ಕ ಕೊಡದವರ ಫೋನ್ ಯಾರೂ ಎತ್ತುವುದಿಲ್ಲ.

ಹಕ್ಕುಗಳನ್ನು ಗಂಟು ಮೂಟೆ ಕಟ್ಟಿ ಒಂದೇ ಸಲ ಶಾಶ್ವತವಾಗಿ ಮಾರುವ ಆಸೆ ಈಗ ಬರುತ್ತದೆ. ಸಾಲ ಕುತ್ತಿಗೆಗೆ ಬಂದಾಗ ಅದು ಸಹಜ. ಆದರೂ ಸಾಧ್ಯವಾದಷ್ಟು ವರ್ಷದ ಲೆಕ್ಕದಲ್ಲಿ ಕೊಡಿ, ಟಿವಿ ಬೇರೆ, ಒಟಿಟಿ ಬೇರೆ, ಡಬ್ಬಿಂಗ್ ಬೇರೆ, ರೀಮೇಕ್ ಬೇರೆ. ಸಿನಿಮಾದ ಹಕ್ಕುಸ್ವಾಮ್ಯ 60 ವರ್ಷ ಇರುತ್ತದೆ. 1977ರ ‘ಘಟಶ್ರಾದ್ಧ’ದ ಮೂಲ ನೆಗೆಟಿವ್ ಉಳಿದಿದ್ದರಿಂದಲೇ ಅದು ಹೊಸದಾಗಿ ಸಿದ್ಧವಾಗಿ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಮತ್ತೆ ತೆರೆ ಕಂಡಿತು. ನಿಮ್ಮ ಡಿಜಿಟಲ್ ಮಾಸ್ಟರ್, ಬಿಡಿ ಬಿಡಿ ಶಬ್ದದ ಫೈಲುಗಳು, ಪ್ರಾಜೆಕ್ಟ್ ಫೈಲು, ಸೆನ್ಸಾರ್ ಪತ್ರ, ಎಲ್ಲ ಕರಾರುಗಳನ್ನು ಎರಡು ಊರುಗಳಲ್ಲಿ ಇಡಿ. ಹಾರ್ಡ್ ಡಿಸ್ಕ್ ಕೆಲವು ವರ್ಷದಲ್ಲಿ ಕೈಕೊಡುತ್ತದೆ, ಆಗಾಗ ಹೊಸದಕ್ಕೆ ಕಾಪಿ ಮಾಡಿ.

ಎರಡು ಸಿನಿಮಾ ನಡುವೆ ಮನೆ ನಡೆಯಬೇಕಲ್ಲ? ಹೊರ ರಾಜ್ಯದ, ಹೊರ ದೇಶದ ತಂಡಗಳಿಗೆ ಇಲ್ಲಿ ಲೈನ್ ಪ್ರೊಡಕ್ಷನ್ (ಅವರ ಶೂಟಿಂಗ್‌ನ ಸ್ಥಳೀಯ ಏರ್ಪಾಡು ನೋಡಿಕೊಳ್ಳುವ ಕೆಲಸ) ಮಾಡಿ. ಜಾಹೀರಾತು, ಕಾರ್ಪೊರೇಟ್ ವಿಡಿಯೋ, ಸಾಕ್ಷ್ಯಚಿತ್ರ ಹಿಡಿಯಿರಿ. ನಿಮ್ಮ ಪ್ರೊಡಕ್ಷನ್ ಮ್ಯಾನೇಜರ್ ಮತ್ತು ಅರ್ಧ ತಂಡಕ್ಕೂ ಅದರಲ್ಲಿ ಕೆಲಸ ಸಿಗುತ್ತದೆ. ಆ ಹೊತ್ತಿಗೆ ಎರಡು ಮೂರು ಕಥೆಗಳ ಹಕ್ಕು ಸಣ್ಣ ಮುಂಗಡ ಕೊಟ್ಟು ಹಿಡಿದಿಟ್ಟುಕೊಳ್ಳಿ. ಮೊದಲ ಸಿನಿಮಾದ ಬಗ್ಗೆ ಯಾರಾದರೂ ಫೋನ್ ಮಾಡಿದಾಗ ಸಿಗುವ ಪ್ರಶ್ನೆ ಒಂದೇ, ‘ಮುಂದೇನು ಮಾಡ್ತಿದ್ದೀರಿ?’ ಅದಕ್ಕೆ ಕಳಿಸಲು ಚಿತ್ರಕಥೆ ಮತ್ತು ಬಜೆಟ್ ಎರಡೂ ರೆಡಿ ಇರಲಿ, ಬಿಡುಗಡೆಯ 30% ಸೇರಿಸಿ.